ಬಟಾಣಿ ಬಿಡಿಸುವ ಹೆಂಗಸು

ಇಂಥ ಸಿನಿಮಾದಲ್ಲಿ ಬಟ್ಟೆ ತೊಟ್ಟವರಿರುವ ರೀಲುಗಳನ್ನೇ ಆರಿಸಿ ಕದ್ದವನು ಹುಚ್ಚನೋ, ಇಲ್ಲಾ ದೂರು ಕೊಟ್ಟವನೇ ಸುಳ್ಳನೋ? ರೋಮಿನ ಟಿಬುರ್ಟಿನೊ ಠಾಣೆಯ ಇನ್‌ಸ್ಪೆಕ್ಟರ್ ಒರೆಸ್ತೆ ಮಾಲ್ವಾಸಿ ದೂರನ್ನು ಮತ್ತೊಮ್ಮೆ ಓದಿದ. 1979ರ ಮಾರ್ಚ್ 6, ಮಂಗಳವಾರ, ಬೆಳಿಗ್ಗೆ 9.40. ಎದುರಿಗೆ ಕೂತಿದ್ದವನು ವಯಸ್ಕರ ಚಿತ್ರಗಳ ನಿರ್ಮಾಪಕ ಗಾಸ್ಪರೆ ಬೊನೆಲ್ಲಿ. ಅವನ ಹೊಸ ಚಿತ್ರದ ಹಾಸಿಗೆಯ ದೃಶ್ಯಗಳೆಲ್ಲ ಲ್ಯಾಬಿನಲ್ಲಿ ಭದ್ರವಾಗಿದ್ದವು. ಕತೆಯಿದ್ದ ಎರಡು ಡಬ್ಬಿ ಮಾತ್ರ ಕಾಣೆಯಾಗಿದ್ದವು.

“ಹೋದ್ರೆ ಹೋಯ್ತು ಬಿಡಿ. ಅದನ್ನ ನೋಡೋಕೆ ಯಾರು ಬರ್ತಾರೆ?” ಎಂದ ಮಾಲ್ವಾಸಿ.

“ಸೆನ್ಸಾರ್‌ನವರು ಬರ್ತಾರಲ್ಲ ಸ್ವಾಮಿ. ಅವರಿಗೆ ಅದನ್ನೇ ತೋರಿಸೋದು. ಸರ್ಟಿಫಿಕೇಟ್ ಸಿಕ್ಕಮೇಲೆ ಅದನ್ನ ಕಿತ್ತು ಹಾಸಿಗೆ ಸೀನು ಅಂಟಿಸೋದು.”

ಪೊಲೀಸರೆದುರು ಇದನ್ನು ಹೇಳಲು ಬೊನೆಲ್ಲಿಗೆ ಸಂಕೋಚವೇ ಇರಲಿಲ್ಲ. ಮಾಲ್ವಾಸಿ ಹಲ್ಲು ಕಚ್ಚಿಕೊಂಡು ಎಫ್‌ಐಆರ್ ದಾಖಲಿಸಿದ.

ಲ್ಯಾಬಿನ ಬೀಗ ಮುರಿದಿರಲಿಲ್ಲ. ಬಣ್ಣ ಸರಿಪಡಿಸಬೇಕೆಂದು ನಿರ್ದೇಶಕರೇ ಡಬ್ಬಿ ಒಯ್ದರು ಎಂದ ಹೊಸ ಕಾವಲುಗಾರ, ಅವರ ಹೆಸರು ಮಾತ್ರ ಗೊತ್ತಿಲ್ಲವಂತೆ. ಚಿತ್ರದ ಕಾಗದಗಳಲ್ಲಿ ಆ ಹೆಸರು ಡೆನಿಸ್ ಫೋರ್ಡ್‌ಹ್ಯಾಮ್ ಎಂದಿತ್ತು. ಅಮೆರಿಕದವನೆಂದುಕೊಂಡು ಪೇದೆ ಪಿರಾಸ್ ಹೋಟೆಲು, ವಿಮಾನ ನಿಲ್ದಾಣ ಎಂದು ಗುರುವಾರದವರೆಗೂ ಅಲೆದು, ಬೂಟಿನ ಅಟ್ಟೆ ಕಿತ್ತುಕೊಂಡು ಬಂದ. ಮಾಲ್ವಾಸಿ ಬೊನೆಲ್ಲಿಗೆ ಫೋನ್ ಮಾಡಿದ.

“ಅಮೆರಿಕದವನಾ? ನಮ್ಮ ಎಲ್ಮೊ ಟಾರ್ಕ್ವಿನಿ ರೀ ಅವನು. ಇಲ್ಲೇ ರೋಮಿನ ಸಾನ್ ಲೊರೆಂಝೊದಲ್ಲೇ ಹುಟ್ಟಿದ್ದು. ವಿಮಾನ ಕೂಡ ಹತ್ತಿಲ್ಲ.”

“ಮೊದಲೇ ಯಾಕೆ ಬೊಗಳಲಿಲ್ಲ?”

“ನೀವು ಕೇಳಲಿಲ್ವಲ್ಲ. ಈ ಧಂದೆಯಲ್ಲಿ ಎಲ್ಲರೂ ಹಂಗೇ ಹೆಸರಿಟ್ಕೊಳೋದು. ಎಲ್ಮೊ ಅಂತ ಪೋಸ್ಟರ್ ಹಚ್ಚಿದ್ರೆ ಅವರಮ್ಮನೇ ಬಂದು ಹರಿದಾಕ್ತಾಳೆ.”

ಪೊಲೀಸರು ಮನೆಗೆ ಹೋದಾಗ ಟಾರ್ಕ್ವಿನಿ ಅಡುಗೆಮನೆಯಲ್ಲಿ ಕಡಲೆ ಬೇಯಿಸುತ್ತಿದ್ದ. ಡಬ್ಬಿಗಳು ಮೇಜಿನ ಕೆಳಗೇ ಇದ್ದವು, ಅವನು ಬಚ್ಚಿಟ್ಟಿರಲಿಲ್ಲ. ಒಳಗಿರುವುದು ಅದೇ ಎಂದು ಖಾತ್ರಿಯಾಗದೆ ಪಂಚನಾಮೆ ಬರೆಯುವಂತಿರಲಿಲ್ಲ. ಅವನದೇ ಪ್ರೊಜೆಕ್ಟರು, ಗೋಡೆಗೊಂದು ಚಾದರ. ಪಂಚರಾಗಿ ಕಟ್ಟಡದ ಕಾವಲಿನ ಮುದುಕಿ ಮತ್ತು ಕೆಳಗಿನ ತರಕಾರಿ ಅಂಗಡಿಯವನು. ಎಂಥ ಸಿನಿಮಾ ಎಂದು ತಿಳಿದ ಅಂಗಡಿಯವನು ತಲೆ ಬಾಚಿಕೊಂಡೇ ಬಂದ.

ಚಾದರದ ಮೇಲೆ ಒಬ್ಬ ಹೆಂಗಸು ಕಿಟಕಿಯ ಬಳಿ ಕೂತು ಬಟಾಣಿ ಬಿಡಿಸುತ್ತಿದ್ದಳು. ದನಿಯನ್ನು ಆಮೇಲೆ ಸೇರಿಸುವುದು ರೂಢಿ. ಹಾಗಾಗಿ ಸದ್ದೇ ಇರಲಿಲ್ಲ. ಬೀದಿಯಲ್ಲಿ ನೆರಳು ಹಾದಾಗ ಅವಳ ಬೆರಳು ನಿಲ್ಲುತ್ತಿತ್ತು, ಮತ್ತೆ ಶುರುವಾಗುತ್ತಿತ್ತು. ಬೆಳಕು ಬಟ್ಟಲಿನಿಂದ ಅವಳ ಮಡಿಲಿಗೆ ಜಾರಿತು. ಯಾರೂ ಬರಲಿಲ್ಲ.

“ಇಷ್ಟೇನಾ? ಬಟಾಣಿ ನೋಡೋಕೆ ಅಂಗಡಿ ಬಿಟ್ಟು ಬಂದ್ನಾ?” ಎಂದ ತರಕಾರಿಯವನು.

ಯಾಕೆ ಕದ್ದೆ ಎಂದು ಮಾಲ್ವಾಸಿ ಕೇಳಿದ.

“ಪ್ರತಿ ಸಿನಿಮಾದಲ್ಲೂ ಇಂಥದ್ದೊಂದು ಇಟ್ಟೆ ಸಾರ್. ಸೆನ್ಸಾರ್ ಆದ ಮಾರನೇ ದಿನ ಕತ್ತರಿಸಿ ಕಸಕ್ಕೆ ಹಾಕಿದ್ರು. ನಾನೂ ಸುಮ್ನಿದ್ದೆ. ಇದೊಂದು ಉಳೀಲಿ ಅನ್ನಿಸ್ತು.”

ಮಾಲ್ವಾಸಿ ರೀಲನ್ನು ಇನ್ನೊಮ್ಮೆ ಹಾಕಿಸಿದ. ಖಾತ್ರಿಗೆ ಎಂದ. ಪಿರಾಸ್ ಗಡಿಯಾರ ನೋಡಿಕೊಂಡ.

ಪಂಚನಾಮೆಯಲ್ಲಿ ‘ಹೆಂಗಸು, ಕಿಟಕಿ, ಬಟಾಣಿ’ ಎಂದಷ್ಟೇ ಬರೆಯಲಾಯಿತು. ಬಂಧನ ಸಂಜೆ 6.15ಕ್ಕೆ. ಡಬ್ಬಿಗಳು ಕಾನೂನಿನಂತೆ ಬೊನೆಲ್ಲಿಗೆ ಮರಳಿದವು, ಏಪ್ರಿಲ್‌ನಲ್ಲಿ ಅವನಿಗೆ ಸರ್ಟಿಫಿಕೇಟೂ ಸಿಕ್ಕಿತು. ಆಮೇಲೆ ಅವು ಏನಾದವೆಂದು ಯಾರೂ ದೂರು ಕೊಡಲಿಲ್ಲ.

ಬಂಧನದ ಸಂಜೆ ಮೆಟ್ಟಿಲಿಳಿಯುವಾಗ ಟಾರ್ಕ್ವಿನಿ ತಿರುಗಿ, “ಹೆಂಗಿತ್ತು ಸಾರ್?” ಎಂದು ಕೇಳಿದ್ದ.

“ಮೆಟ್ಟಿಲು ನೋಡ್ಕೊಂಡು ಇಳಿ” ಎಂದಿದ್ದ ಮಾಲ್ವಾಸಿ.

ಚೆನ್ನಾಗಿತ್ತು ಎಂದು ಅವನು ಎಂದೂ ಹೇಳಲಿಲ್ಲ.