ತನ್ನನ್ನೇ ಕದ್ದವನು

ನಲವತ್ತು ತುಂಬುತ್ತ ಬಂದರೂ ಅವನು ಇನ್ನೂ ಅಕ್ಕನ ಸೊತ್ತು. ಆ ಊರಿನಲ್ಲಿ ಪ್ರತಿಯೊಬ್ಬರೂ ಯಾರದಾದರೂ ಹೆಸರಿನಲ್ಲಿ ದಾಖಲಾಗಿರಬೇಕು. ಅಪ್ಪ ಅಮ್ಮ ತೀರಿಕೊಂಡಾಗ ಆರು ವರ್ಷದ ತಮ್ಮನನ್ನು ಅಕ್ಕ ತನ್ನ ಹೆಸರಿಗೆ ಬರೆಸಿಕೊಂಡಿದ್ದಳು. ಸಾಕಿದಳು, ಓದಿಸಿದಳು, ಎಲ್ಲ ಸರಿ. ಆದರೆ ಅವನು ಮೆಚ್ಚಿದವಳನ್ನು, ಬಟ್ಟೆ ಹೊಲಿದು ಬದುಕುವವಳನ್ನು, ಮದುವೆಯಾಗಲು ಒಡತಿಯಾದ ಅಕ್ಕನ ರುಜು ಬೇಕಿತ್ತು. ನಾಲ್ಕು ವರ್ಷದಿಂದ ಅಕ್ಕನದು ಒಂದೇ ರಾಗ: "ನೋಡೋಣ ಕಣೋ, ಏನವಸರ?" ಕಾದು ಕಾದು ಆ ಹೊಲಿಗೆಯವಳೂ ಸೋತಿದ್ದಳು. "ನೀನೇ ನಿನ್ನವನಲ್ಲ, ನನ್ನವನು ಹೇಗಾಗ್ತೀಯ? ಈ ತಿಂಗಳು ನೋಡ್ತೀನಿ, ಅಷ್ಟೇ," ಎಂದು ಕಣ್ಣೊರೆಸಿಕೊಂಡಿದ್ದಳು.

ಅವನು ತನ್ನನ್ನು ತಾನೇ ಕದಿಯಲು ನಿರ್ಧರಿಸಿದ. ದಾಖಲೆಯ ಹಾಳೆ ತಿದ್ದಿ ಸಿಕ್ಕಿಬಿದ್ದವರು ಬದುಕಿರುವತನಕ ದಾಖಲೆ ಕಚೇರಿಯ ಸೊತ್ತು, ಅದೂ ಗೊತ್ತಿತ್ತು.

ಆದರೆ ಈ ಕೆಲಸಕ್ಕೆ ಅವನಿಗಿಂತ ತಕ್ಕ ಕಳ್ಳ ಎಲ್ಲಿ ಸಿಕ್ಕಾನು? ದಾಖಲೆ ಕಚೇರಿಯಲ್ಲಿ ಹರಿದ ರಿಜಿಸ್ಟರುಗಳಿಗೆ ರಟ್ಟು ಕಟ್ಟುವವನೇ ಅವನು. ಹಳೆಯ ರಿಜಿಸ್ಟರೊಂದರಿಂದ ಖಾಲಿ ಹಾಳೆ ಬಿಡಿಸಿಕೊಂಡ; ಕಾಗದದ ವಯಸ್ಸು ಸರಿಹೋಯಿತು. ಮಸಿಗೆ ನೀರು ಬೆರೆಸಿ ಮಾಸಲು ಮಾಡಿದ. ತೀರಿಹೋದ ಗುಮಾಸ್ತನ ಬಾಗಿದ ಅಕ್ಷರವನ್ನು ಎರಡು ವಾರ ತಿದ್ದಿ ತಿದ್ದಿ ಕಲಿತ. ಒಡೆಯ ಎಂಬ ಕಡೆ ತನ್ನ ಹೆಸರನ್ನೇ ಬರೆದುಕೊಂಡ. ಊಟದ ಬಿಡುವಿನಲ್ಲಿ ತನ್ನ ಹೆಸರಿದ್ದ ರಿಜಿಸ್ಟರಿನ ಹೊಲಿಗೆ ಬಿಚ್ಚಿ, ತನ್ನ ಹಾಳೆ ತೆಗೆದು, ಹೊಸದನ್ನು ಕೂರಿಸಿ, ಅದೇ ತೂತುಗಳಲ್ಲಿ ಅದೇ ದಾರ ಪೋಣಿಸಿದ. ಹಳೆಯದನ್ನು ಅಂಟು ಕಾಯಿಸುವ ಒಲೆಗೆ ಹಾಕಿದ. ಅಕ್ಕನ ಹೆಸರು ಸುರುಟಿಕೊಳ್ಳುವಾಗ, ಜ್ವರದಲ್ಲಿ ತನ್ನ ಹಣೆ ಮುಟ್ಟಿ ನೋಡುತ್ತಿದ್ದ ಅವಳ ಕೈ ನೆನಪಾಗಿ ಅಳು ಬಂತು. ಸದ್ದಿಲ್ಲದೆ ಅತ್ತ.

ಮಾರನೆಯ ಬೆಳಗ್ಗೆ ಅಕ್ಕನೇ ಕಚೇರಿಗೆ ಬಂದಳು. "ಹೋದ ಸೋಮವಾರಾನೇ ನಿನ್ನನ್ನ ನಿನಗೇ ಬಿಟ್ಕೊಟ್ಟೆ ಕಣೋ. ನಾನೇ ಹೇಳ್ತೀನಿ ಅಂತ ಈ ಗುಮಾಸ್ತೆ ಬಾಯಿ ಕಟ್ಟಿದ್ದೆ. ನೀನೂ ಹೋದ್ರೆ ನನಗ್ಯಾರು ಅನ್ನೋ ಭಯ ಇತ್ತು, ಏನ್ಮಾಡ್ಲಿ? ಹೋಗು, ಅವಳನ್ನ ಕರ್ಕೊಂಡು ಬಾ," ಎಂದು ಅವನ ಕೆನ್ನೆ ಸವರಿ, ಗುಮಾಸ್ತೆಯತ್ತ ತಿರುಗಿ, "ಇವನ ಹಾಳೆ ತೋರ್ಸಿ, ಕಣ್ಣಾರೆ ನೋಡ್ಲಿ," ಎಂದಳು. ಗುಮಾಸ್ತೆ ನಗುತ್ತ ರಿಜಿಸ್ಟರು ತೆರೆದು ಹಾಳೆ ಮಗುಚಿದಳು. ಬಿಟ್ಟುಕೊಟ್ಟದ್ದನ್ನು ಬರೆಯುವುದು ಹಿಂಬದಿಯಲ್ಲಿ. ಯಾರೂ ಯಾರನ್ನೂ ಬಿಟ್ಟುಕೊಡದ ಊರು. ಹದಿನೆಂಟು ವರ್ಷದ ಕೆಲಸದಲ್ಲಿ ಒಂದು ಹಾಳೆಯ ಹಿಂದೆಯೂ ಅವನು ಬರಹ ಕಂಡಿರಲಿಲ್ಲ, ಸುಡುವ ಮುನ್ನ ಮಗುಚಿಯೂ ನೋಡಿರಲಿಲ್ಲ. ಗುಮಾಸ್ತೆ ತಾನೇ ಬರೆದಿದ್ದ ಸಾಲನ್ನು ಹುಡುಕಿದಳು; ಹಿಂಬದಿ ಖಾಲಿ. ಅವನ ಮುಖ ನೋಡಿದಳು, ನಗು ನಿಂತಿತು. ಹಾಳೆಯನ್ನು ಮತ್ತೆ ಮುಂಬದಿಗೆ ತಿರುಗಿಸಿ, ಮೆಲ್ಲಗೆ ಒಡೆಯನ ಹೆಸರು ಹೊಡೆದುಹಾಕಿ ಅದರ ಜಾಗದಲ್ಲಿ ಕಚೇರಿಯ ಮೊಹರು ಒತ್ತಿದಳು. "ಆಯ್ತಾ?" ಎಂದು ಅಕ್ಕ ಖುಷಿಯಿಂದ ಕೇಳಿದಳು.