ಪುಟ್ಟಮಾದಮ್ಮನ ಸೀರೆ

ಪರದೆಯ ಮೇಲೆ ನೆರೆಮನೆಯ ಹುಡುಗಿ ಚಿಕ್ಕಿ ಕಾಣಿಸಿದ ಕೂಡಲೇ ಪುಟ್ಟಮಾದಮ್ಮ ಕೂಗಿದಳು: "ಅಯ್ಯೋ, ಅದು ನನ್ ಸೀರೆ ಕಣ್ರಲಾ!"

ಹಾಡಿಯ ಜನರೆಲ್ಲ ನಕ್ಕರು. ಹ್ಯಾಂಡ್‌ಪೋಸ್ಟ್ ಎಂಬ ಊರಿನ ಶಾಲೆಯ ಕಿಟಕಿಗಳಿಗೆ ಕಂಬಳಿ ಕಟ್ಟಿ, ಹಗಲಲ್ಲೇ ಕತ್ತಲು ಮಾಡಿ, ನಾನು ತೆಗೆದ ಚಿತ್ರ ತೋರಿಸುತ್ತಿದ್ದೆ. ಅಣೆಕಟ್ಟಿನ ನೀರು ಕಾಡಿನೊಳಗಿದ್ದ ಇವರ ಹಾಡಿಯನ್ನು ಮುಳುಗಿಸಿತ್ತು. ಬದಲಿಗೆ ಸಿಕ್ಕಿದ್ದು ಕಲ್ಲುನೆಲ. ಮೈಸೂರಿನ ಅಧಿಕಾರಿಗಳು ಈ ಚಿತ್ರ ನೋಡಿದರೆ ಉಳುವ ಭೂಮಿ ಕೊಟ್ಟಾರು ಎಂದು ನಂಬಿದ್ದೆ.

ಚಿಕ್ಕಿ ನಗಲಿಲ್ಲ. ಎದ್ದು ಹೊರಗೆ ಹೋದಳು.

ಯಾಕೆಂದು ನನಗೊಬ್ಬನಿಗೇ ಗೊತ್ತಿತ್ತು. ಒಂದು ತಿಂಗಳಿಂದ ನಾನು ಒಂದು ಕಣ್ಣು ಮುಚ್ಚಿ ಕ್ಯಾಮೆರಾ ಹಿಡಿದಾಗಲೆಲ್ಲ ಅವಳೂ ಎದುರಿಗೆ ಒಂದು ಕಣ್ಣು ಮುಚ್ಚುತ್ತಿದ್ದಳು.

"ಒಂದ್ ಕಣ್ಣಲ್ ನೋಡುದ್ರೆ ಅರ್ಧ ಆಳೇ ಕಾಣಾದು ಸಾ."

ಅವಳ ಚಿತ್ರ ತೆಗೆಯುವ ದಿನ ತಲೆಗೆ ಎಣ್ಣೆ ಹಚ್ಚಿ, ಅರಿಶಿನ ಬಣ್ಣದ ಹೊಸ ಸೀರೆ ಉಟ್ಟು ಬಂದಳು. ಯಾರಿಗಾಗಿ ಎಂದು ಕೇಳಬೇಕಿರಲಿಲ್ಲ.

ನಾನು ಅಂದದ್ದು: "ಇದು ಬೇಡ. ಹರಿದದ್ದು ಇಲ್ವಾ?"

ಅವಳಲ್ಲಿ ಇರಲಿಲ್ಲ. ಪುಟ್ಟಮಾದಮ್ಮನದನ್ನು ಕೇಳಿ ಉಟ್ಟು ಬಂದಳು. "ಇನ್ನೂ ಸ್ವಲ್ಪ ಬಡವಳ ಹಾಗೆ ನಿಲ್ಲು" ಎಂದೂ ಹೇಳಿದೆ. ನಿಂತಳು.

ಪ್ರೊಜೆಕ್ಟರ್ ಓಡಲು ಬಿಟ್ಟು ಹೊರಗೆ ಬಂದೆ. ಈಗ ಶಾಲೆಯ ಮೆಟ್ಟಿಲ ಮೇಲೆ ಕೂತಿದ್ದಳು.

"ಆ ತುಂಡು ಕತ್ತರಿಸಿಬಿಡ್ತೀನಿ ಚಿಕ್ಕಿ."

"ಕತ್ರುಸುದ್ರೆ ನೀವ್ ಅಂದದ್ದು ಓಯ್ತದಾ?"

"ತಪ್ಪಾಯ್ತು. ನೀನಂದ್ರೆ ನನಗೆ..."

"ಸುಮ್ಕಿರಿ. ನಮ್ ಆಡಿ ಮುಳುಗಿದ್ದು ದಿಟ. ಅದ ತೋರ್ಸಕ್ಕೆ ಸುಳ್ ಸೀರೆ ಯಾಕ್ ಬೇಕಿತ್ತು?"

ಕಿವಿ ಬಿಸಿಯಾಯಿತು.

"ರೀಲ್ ಅದಾ?"

"ಕ್ಯಾಮೆರಾದಲ್ಲಿ ಕೊನೇದು ಒಂದಿದೆ. ಮೂರು ನಿಮಿಷವೂ ಬರಲ್ಲ."

"ಸಾಕು, ತನ್ನಿ."

ತಂದುಕೊಟ್ಟೆ. ಕ್ಯಾಮೆರಾಗೆ ಕೀ ಕೊಡುವುದು ಅವಳಿಗೆ ನೋಡಿಯೇ ಗೊತ್ತಿತ್ತು. ಅದನ್ನು ನನ್ನತ್ತ ತಿರುಗಿಸಿ ಒಂದು ಕಣ್ಣು ಮುಚ್ಚಿದಳು.

"ಈ ಅಂಗಿ ಬ್ಯಾಡ. ಅರ್ದೋಗಿರಾದು ಅದಾ?"

ನನ್ನಲ್ಲೂ ಇರಲಿಲ್ಲ. ಜೇಬು ಹಿಡಿದು ಎಳೆದೆ. ಹೊಲಿಗೆ ಬಿಟ್ಟು ಜೋತುಬಿತ್ತು.

ಅಷ್ಟರಲ್ಲಿ ಚಿತ್ರ ಮುಗಿದು ಎಲ್ಲರೂ ಹೊರಬಂದರು.

"ಒಳ್ಳೆ ಅಂಗಿ ಯಾಕಪ್ಪ ಅರ್ಕಂಡೆ?" ಎಂದಳು ಪುಟ್ಟಮಾದಮ್ಮ.

ಕೈ ಎಲ್ಲಿಡಬೇಕೆಂದು ತಿಳಿಯಲಿಲ್ಲ. ಕ್ಯಾಮೆರಾ ಗಿರ್ ಎನ್ನುತ್ತಿತ್ತು.

"ಇನ್ನೂ ವಸಿ ಬಡವ್ರಂಗೆ ನಿಂತ್ಕಳಿ."

ತಲೆ ತಗ್ಗಿಸಿದೆ. ರೀಲು ಮುಗಿಯಿತು. ಅವಳು ಮುಚ್ಚಿದ್ದ ಕಣ್ಣು ತೆರೆದಳು.

"ಈಗ ಆ ಮಾತ ಪೂರ್ತಿ ಯೋಳಿ. ನಾನಂದ್ರೆ ಏನು?"

"ಎಲ್ಲರ ಮುಂದೆಯಾ?"

"ನಾನೂ ಪರ್ದೆ ಮ್ಯಾಲೆ ಎಲ್ಲರ್ ಮುಂದ್ಲೇ ನಿಂತಿದ್ನಲ್ಲ."

ಹೇಳಿದೆ. ಯಾರೂ ನಗಲಿಲ್ಲ. ಅವಳು ಕ್ಯಾಮೆರಾವನ್ನು ನನ್ನ ಕೈಗಿಟ್ಟಳು, ಆದರೆ ಬೆರಳುಗಳನ್ನು ತಕ್ಷಣ ತೆಗೆಯಲಿಲ್ಲ.

"ಓಗಿ ಒಸ ರೀಲ್ ತನ್ನಿ. ಅರಿಸ್ನದ್ ಸೀರೆ ಉಟ್ಕಂಡ್ ಬತ್ತೀನಿ."

ಮೈಸೂರಿನ ಬಸ್ಸಿನಲ್ಲಿ ಎಲ್ಲರೂ ನನ್ನ ಜೇಬನ್ನೇ ನೋಡಿದರು. ಮುಚ್ಚಿಕೊಳ್ಳಲಿಲ್ಲ.