ಮೂಕಚಿತ್ರ ತೋರಿಸುವ ಗಂಡು

ಗೋಡೆಗೆ ಕಟ್ಟಿದ ಬಿಳಿ ಬಟ್ಟೆಯ ಮೇಲೆ ದಢೂತಿ ಪೊಲೀಸನೊಬ್ಬ ಏಣಿಯಿಂದ ಜಾರಿ ಸುಣ್ಣದ ಡಬ್ಬಿಯೊಳಗೆ ಬಿದ್ದ. ಸಂಖ ಊರಿನ ಶಾಲೆಯ ಅಂಗಳವೆಲ್ಲ ಹೊಟ್ಟೆ ಹಿಡಿದು ನಕ್ಕಿತು. ಸಾಜಿಯಾ ಮಾತ್ರ ನಗಲಿಲ್ಲ.

‘ನೂರು ವರ್ಷದ ಹಿಂದಿನ ಮಂಗನಾಟ... ಇದನ್ನು ಊರೂರಿಗೆ ಹೊತ್ತು ತಿರುಗುವವನಿಗೆ ನಾನು ಹೆಂಡತಿಯಾಗಬೇಕೆ?’

ಪ್ರೊಜೆಕ್ಟರಿನ ಪಕ್ಕ ನಿಂತಿದ್ದ ಅರಮಾನ ಹೋದ ವಾರ ತನ್ನ ಚಿಕ್ಕಮ್ಮ ಮುಸರತ ಖಾಲಾ ಜೊತೆ ಕರಜಗಿಯಿಂದ ಅವಳನ್ನು ನೋಡಲು ಬಂದಿದ್ದ. ಚಹಾ ಕುಡಿದ, ಚೂಡಾ ತಿಂದ, ತುಟಿ ಪಿಟಕ್ಕೆನ್ನದೆ ಎದ್ದು ಹೋದ. ಹೆಸರು ಕೇಳುವ ಸೌಜನ್ಯವೂ ಇಲ್ಲ! ತನ್ನನ್ನು ಮಾತಿಗೂ ಲಾಯಕ್ಕಿಲ್ಲದವಳೆಂದು ಎಣಿಸಿದನಲ್ಲ ಎಂಬ ಸಿಟ್ಟು ಅವಳಲ್ಲಿ ಇನ್ನೂ ಕುದಿಯುತ್ತಿತ್ತು.

ಅಂಥವನ ಕಡೆಯಿಂದ ಒಪ್ಪಿಗೆ ಬೇರೆ ಬಂದಿತ್ತು. ಬೆಳಗಾದರೆ ಇವಳ ಉತ್ತರ ಹೋಗಬೇಕು. ‘ಬೇಡ’ ಎಂಬುದನ್ನು ಮುಖಕ್ಕೇ ಹೇಳೋಣವೆಂದು ಬಂದಿದ್ದಳು.

ಚಿತ್ರ ಮುಗಿದೊಡನೆ ನೆಟ್ಟಗೆ ಅವನೆದುರು ನಿಂತಳು.

"ಬೀಳೂದು ಏಳೂದು ತೋರಸೂದು ಬಿಟ್ಟು ನಿಮಗ ಬ್ಯಾರೆ ಏನರ ಬರ್ತದೇನ್ರಿ? ಅವತ್ತ ನಾಲಿಗಿ ಕರಜಗ್ಯಾಗ ಬಿಟ್ಟ ಬಂದಿದ್ರೇನು?"

"ನಾ... ನಾನು... ಖಾ... ಖಾ..."

"ಖಾಲಾ ಮಾತಾಡಬ್ಯಾಡ ಅಂದಿದ್ರು," ಪಕ್ಕದಲ್ಲಿದ್ದ ಗೆಳೆಯ ದತ್ತಾ ಮಾತು ಮುಗಿಸಿದ. "ತೊದಲೂದು ಗೊತ್ತಾದ್ರ ನೀವು ಬ್ಯಾಡ ಅಂತೀರಂತ. ಅದಕ್ಕ ನೋಡ್ರಿ, ಈ ಮೂಕ ಪಿಚ್ಚರ್ ಅಂದ್ರ ಇವಂಗ ಜೀವ. ಇದರಾಗ ಯಾರೂ ಮಾತಾಡಂಗಿಲ್ಲ."

ತಾನು ಸೊಕ್ಕು ಎಂದುಕೊಂಡದ್ದು ಭಯವೇ... ಸಾಜಿಯಾಳಿಗೆ ನಾಚಿಕೆಯಾಯಿತು. ಮರುಕ್ಷಣವೇ ಆ ಖಾಲಾ ಮೇಲೆ, ಅರಮಾನನ ಮೇಲಿದ್ದುದಕ್ಕಿಂತ ದೊಡ್ಡ ತಿರಸ್ಕಾರ ಹುಟ್ಟಿತು. ಮಾತು ತಡವರಿಸಿದರೆ ಬಿಟ್ಟು ಹೋಗುವಷ್ಟು ಅಗ್ಗದವಳೇ ತಾನು?

"ಸುಣ್ಣದಾಗ ಬಿದ್ದ ಆ ಪೊಲೀಸಗೂ ನಿಮ್ಮ ಖಾಲಾಗಿಂತ ಜಾಸ್ತಿ ಬುದ್ಧಿ ಐತಿ," ಎಂದಳು.

ಅರಮಾನ ಮೊದಲ ಸಲ ನಕ್ಕ. "ನೀ... ನೀವಂದ್ರ ನನಗ ಭಾ..."

"ಭಾಳ ಮನಸು ಅಂತ..." ದತ್ತಾ ಮತ್ತೆ ಬಾಯಿ ಹಾಕಿದ.

"ನಿಮ್ಮನ್ನ ಯಾರು ಕೇಳ್ಯಾರ? ಹೋಗಿ ವೈರ್ ಸುತ್ತರಿ."

ದತ್ತಾ ಮುಖ ಸಪ್ಪಗೆ ಮಾಡಿಕೊಂಡು ಹೋದ. ಅರಮಾನನ ಹಣೆ ಬೆವರಿತು. "ಭಾ... ಭಾ..." ಎಂದು ಅಲ್ಲೇ ತಡವರಿಸಿದ. ಎಲ್ಲರಂತೆ ಇವಳೂ ಮುಗಿಸಿಕೊಡಲಿ ಎಂದು ಅವಳ ಮುಖ ನೋಡಿದ.

ಸಾಜಿಯಾ ಮುಗಿಸಿಕೊಡಲಿಲ್ಲ. ಹಾಸಿದ್ದ ಚಾಪೆಯ ಮೇಲೆ ನಿಧಾನವಾಗಿ ಕುಳಿತಳು.

"ನೀವ ಹೇಳ್ರಿ," ಎಂದಳು ಮೆಲ್ಲಗೆ. "ಆ ಮಾತು ಲಗ್ನ ಆದಮ್ಯಾಗ ಮುಗದ್ರೂ ನಡೀತದ."